ಅಪ್ಪನ ಜೊತೆ 325ನೇ ನಂಬರಿನ ಹಡಗಿಗೆ

ಮೊದಲ ದಿನ: ಲಾ ಗ್ರೇಂಜ್, ಸೆನೆಕಾ, ಆಮೇಲೆ ಬರೀ ರಸ್ತೆ

ಅಪ್ಪ ಹುಬ್ಬಳ್ಳಿ ಡೀಸೆಲ್ ಶೆಡ್‌ನಲ್ಲಿ ಮೂವತ್ತು ವರ್ಷ ದುಡಿದವರು. ನಮ್ಮ ಮನೆಗೆ, ಶಿಕಾಗೋ ಹತ್ತಿರಕ್ಕೆ, ಬಂದು ಮೂರು ವಾರ ಆಗಿತ್ತು. ಎತ್ತರದ ಕಟ್ಟಡ, ಸರೋವರ, ಮಾಲ್ ಎಲ್ಲ ನೋಡಿ ಮುಗಿದಿತ್ತು. ಒಂದು ರಾತ್ರಿ ಊಟ ಆದಮೇಲೆ ಕೇಳಿದರು. "ನಮ್ಮ ಜಿಎಂ, ಜನರಲ್ ಮೋಟಾರ್ಸ್ ಲೋಕೋದ ಎಂಜಿನ್ ಮಾಡ್ತಿದ್ದ ಊರು ಇಲ್ಲೇ ಎಲ್ಲೋ ಐತಲ್ಲ? ಲಾ ಗ್ರೇಂಜ್ ಅಂತ. ಕೈಪಿಡಿಯೊಳಗೆ ದಿನಾ ಓದ್ತಿದ್ದೆ."

ಲಾ ಗ್ರೇಂಜ್ ನಮ್ಮ ಮನೆಯಿಂದ ಹದಿನೈದು ನಿಮಿಷದ ದಾರಿ. ನಾನು ವಾರಕ್ಕೆರಡು ಸಲ ಆ ಕಡೆ ಹೋಗುತ್ತೇನೆ. ಅಪ್ಪನ ಮೂವತ್ತು ವರ್ಷಕ್ಕೂ ಆ ಊರಿಗೂ ನಂಟಿದೆ ಅಂತ ಒಮ್ಮೆಯೂ ಹೊಳೆದಿರಲಿಲ್ಲ.

ಅವತ್ತು ರಾತ್ರಿ ಕೂತು ಓದಿದೆ. ಜನರಲ್ ಮೋಟಾರ್ಸ್‌ನ ಎಲೆಕ್ಟ್ರೋ-ಮೋಟಿವ್ ವಿಭಾಗ ಅಲ್ಲಿ ರೈಲು ಎಂಜಿನ್ ಮಾತ್ರ ಮಾಡಿರಲಿಲ್ಲ. ಎರಡನೇ ಮಹಾಯುದ್ಧದಲ್ಲಿ ಅದೇ 567 ಡೀಸೆಲ್ ಎಂಜಿನ್‌ಗಳು ಎಲ್‌ಎಸ್‌ಟಿ ಎಂಬ ಹಡಗುಗಳ ಹೊಟ್ಟೆ ಸೇರಿದ್ದವು. ಎಲ್‌ಎಸ್‌ಟಿ ಅಂದರೆ ಲ್ಯಾಂಡಿಂಗ್ ಶಿಪ್, ಟ್ಯಾಂಕ್. ಬಂದರು, ಕ್ರೇನು ಏನೂ ಬೇಡ. ಸೀದಾ ಮರಳ ದಂಡೆಗೆ ಮೂತಿ ಒತ್ತಿ, ಮೂತಿಯ ಬಾಗಿಲು ತೆರೆದು, ಟ್ಯಾಂಕ್‌ಗಳನ್ನು ಇಳಿಸುವ ಹಡಗು. ಅಮೆರಿಕ ಇಂಥವನ್ನು 1,051 ಕಟ್ಟಿತು. ಅವುಗಳಲ್ಲಿ ಯುದ್ಧಕಾಲದ ರೂಪದಲ್ಲೇ ಇದ್ದು, ಇವತ್ತಿಗೂ ಸ್ವಂತ ಎಂಜಿನ್ ಮೇಲೆ ಓಡುವುದು ಒಂದೇ ಒಂದು. ಎಲ್‌ಎಸ್‌ಟಿ-325. ಇಂಡಿಯಾನಾ ರಾಜ್ಯದ ಇವಾನ್ಸ್‌ವಿಲ್ ಊರಲ್ಲಿ, ಓಹಾಯೊ ನದಿಯ ದಡದಲ್ಲಿದೆ. ಬೆಳಿಗ್ಗೆ ಅಪ್ಪನಿಗೆ ಹೇಳಿದೆ. ಚಹಾ ಲೋಟ ಕೆಳಗಿಟ್ಟು, "ಯಾವಾಗ ಹೊರಡೋಣ?" ಅಂದರು.

ಮೇ ತಿಂಗಳ ಒಂದು ಗುರುವಾರ ಹೊರಟೆವು. ಹೆಂಡತಿ ಖಡಕ್ ರೊಟ್ಟಿ, ಶೇಂಗಾ ಚಟ್ನಿಪುಡಿ, ಮೊಸರು ಕಟ್ಟಿಕೊಟ್ಟಿದ್ದಳು. ಮೊದಲು ಲಾ ಗ್ರೇಂಜ್. ಕಾರ್ಖಾನೆ ನಿಜವಾಗಿ ಇರುವುದು ಪಕ್ಕದ ಮೆಕ್ಕುಕ್ ಎಂಬಲ್ಲಿ. ರಸ್ತೆ ಬದಿ ನಿಂತು ನೋಡಿದೆವು ಅಷ್ಟೇ. ಅಪ್ಪ ಕಾರಿನಿಂದಿಳಿದು ಬೇಲಿಯ ಕಡೆ ಮುಖ ಮಾಡಿ ಎರಡು ನಿಮಿಷ ನಿಂತರು. ಚಪ್ಪಲಿ ಬಿಟ್ಟಿದ್ದರು. ನಾನು ಏನೂ ಕೇಳಲಿಲ್ಲ.

ಅಲ್ಲಿಂದ ಇಂಟರ್‌ಸ್ಟೇಟ್ 55, ಆಮೇಲೆ 80 ಹಿಡಿದು ಸೆನೆಕಾ. ಇಲಿನಾಯ್ ನದಿ ದಂಡೆಯ ಪುಟ್ಟ ಊರು. ಸುತ್ತ ಗೋವಿನಜೋಳದ ಹೊಲ, ಆಗಷ್ಟೇ ಮೊಳಕೆ ಎದ್ದಿತ್ತು. ಸಮುದ್ರ ಇಲ್ಲಿಂದ ಸಾವಿರ ಕಿಲೋಮೀಟರ್‌ಗೂ ಜಾಸ್ತಿ ದೂರ. ಆದರೂ ಈ ಊರಲ್ಲಿ 157 ಎಲ್‌ಎಸ್‌ಟಿ ಕಟ್ಟಿದರು. ಸೇತುವೆ, ನೀರಿನ ಟ್ಯಾಂಕ್ ಕಟ್ಟುತ್ತಿದ್ದ ಶಿಕಾಗೋ ಬ್ರಿಡ್ಜ್ ಅಂಡ್ ಐರನ್ ಕಂಪನಿ ಹಡಗು ಕಟ್ಟಲು ಕೂತಿತು. ಸಮುದ್ರ ತೀರದ ಯಾರ್ಡ್‌ಗಳು ದೊಡ್ಡ ಯುದ್ಧನೌಕೆಗಳಲ್ಲಿ ಮುಳುಗಿದ್ದವು, ಅಲ್ಲಿ ಜಾಗವೇ ಇರಲಿಲ್ಲ. ಅದಕ್ಕೆ ಈ ಕೆಲಸ ಒಳನಾಡಿನ ನದಿಗಳಿಗೆ ಬಂತು. ಜನ ಇವನ್ನು ಜೋಳದ ಹೊಲದ ಹಡಗುಕಟ್ಟೆಗಳು ಅಂತಲೇ ಕರೆದರು. ಒಟ್ಟು ಎಲ್‌ಎಸ್‌ಟಿಗಳಲ್ಲಿ ಸುಮಾರು ಮೂರರಲ್ಲಿ ಎರಡು ಪಾಲು ಹೀಗೆ ನದಿ ದಂಡೆಗಳಲ್ಲೇ ಹುಟ್ಟಿದವು. ಅಡ್ಡಲಾಗಿ ನದಿಗೆ ಜಾರಿಸುತ್ತಿದ್ದರು. ಅಲ್ಲಿಂದ ಮಿಸಿಸಿಪ್ಪಿ, ನ್ಯೂ ಆರ್ಲಿಯನ್ಸ್, ಆಮೇಲೆ ಸಮುದ್ರ.

ನದಿ ಹತ್ತಿರದ ಬೆಂಚಿನ ಮೇಲೆ ರೊಟ್ಟಿ ಬಿಚ್ಚಿದೆವು. ಅಪ್ಪ ಪೆಟ್ರೋಲ್ ಬಂಕ್‌ನ ರಸೀದಿ ಕೇಳಿ ಇಸಕೊಂಡು ಅದರ ಬೆನ್ನಿಗೆ ಲೆಕ್ಕ ಬರೆದರು. ಸಿಲಿಂಡರಿನ ಅಗಲ ಎಂಟೂವರೆ ಇಂಚು. ಪಿಸ್ಟನ್ ಓಡುವ ದೂರ 10 ಇಂಚು. ಆ ಅಗಲದ ವೃತ್ತದ ಕ್ಷೇತ್ರಫಲವನ್ನು ಆ ದೂರದಿಂದ ಗುಣಿಸಿದರೆ ಒಂದು ಸಿಲಿಂಡರಿಗೆ 567 ಘನ ಇಂಚು. "ಹೆಸರು ಬಂದಿದ್ದು ಇದರಿಂದ. ಆಮೇಲೆ ಅಗಲ ಸ್ವಲ್ಪ ಹೆಚ್ಚು ಮಾಡಿದರು, 645 ಆಯ್ತು. ಅದರ ಉದ್ದನೂ ಒಂದಿಂಚು ಎಳೆದರು, 710 ಆಯ್ತು. ನಮ್ಮದು 710." 1999ರಲ್ಲಿ ಮೊದಲ ಜಿಎಂ ಲೋಕೋಗಳು ಹುಬ್ಬಳ್ಳಿಗೆ ಬಂದಾಗ ಅಪ್ಪ ಆ ಗುಂಪಿನಲ್ಲಿದ್ದರು. ಅಲ್ಲಿಯತನಕ ಆಲ್ಕೋ ಎಂಜಿನ್‌ಗಳ ಮೇಲೆ ಪಳಗಿದ್ದ ಕೈ. ಬ್ರಗಾಂಜಾ ಘಾಟಿನಲ್ಲಿ ಅದಿರು ಗಾಡಿಗಳನ್ನು ಎಳೆಯುತ್ತಿದ್ದ ಆ 4,000 ಅಶ್ವಶಕ್ತಿಯ ಎಂಜಿನ್ನಿನ ಅಜ್ಜನನ್ನು ನೋಡಲು ನಾವು ಹೊರಟಿದ್ದೆವು.

ಆಮೇಲೆ ಹೇಳುವಂಥದ್ದು ಏನಿಲ್ಲ. ಇಂಟರ್‌ಸ್ಟೇಟ್ 57, ಮೌಂಟ್ ವರ್ನನ್, 64. ಐದಾರು ಗಂಟೆ ಸಪಾಟು ಹೊಲ. ಅಪ್ಪ ನಿದ್ದೆ ಮಾಡಿದರು. ರಾತ್ರಿ ಇವಾನ್ಸ್‌ವಿಲ್ ಸೇರಿದಾಗ ಮಳೆ ಬರುತ್ತಿತ್ತು.

ಎರಡನೇ ದಿನ: ಹಡಗಿನ ಮೇಲೆ

ಬೆಳಿಗ್ಗೆ ಮಳೆ ನಿಂತಿತ್ತು. ಊರಿನ ನಡುವಿನ ರಿವರ್‌ಸೈಡ್ ಡ್ರೈವ್‌ನಲ್ಲಿ ತಿರುಗಿದ ಕೂಡಲೇ ಕಂಡಿತು. ಬೂದು ಬಣ್ಣ, ಮೂತಿ ಮೇಲೆ ಬಿಳಿ ಅಂಕಿಯಲ್ಲಿ 325. ಉದ್ದ 100 ಮೀಟರ್, ಅಗಲ 15. ಚಂದದ ಹಡಗು ಅಂತ ಯಾರೂ ಹೇಳುವುದಿಲ್ಲ. ಮುಂದುಗಡೆ ಮೊಂಡು, ತಳ ಚಪ್ಪಟೆ, ಕಟ್ಟಡ ಇರುವುದೆಲ್ಲ ಹಿಂದಕ್ಕೆ. ಒಂದು ಉದ್ದನೆಯ ಪೆಟ್ಟಿಗೆಗೆ ಹಿಂದೆ ಮನೆ ಕಟ್ಟಿದ ಹಾಗೆ.

ಇದಕ್ಕೆ ಹೆಸರೂ ಇಲ್ಲ. ನನಗೆ ಮೊದಲು ಮನಸ್ಸಿಗೆ ನಾಟಿದ್ದು ಅದೇ. ಅಮೆರಿಕದ ಯುದ್ಧನೌಕೆಗಳಿಗೆ ರಾಜ್ಯಗಳ, ಊರುಗಳ, ವೀರರ ಹೆಸರಿಟ್ಟರು. ಎಲ್‌ಎಸ್‌ಟಿಗಳಿಗೆ ನಂಬರ್ ಮಾತ್ರ. 1955ರಲ್ಲಿ ಉಳಿದಿದ್ದ ಬಹಳಷ್ಟಕ್ಕೆ ಜಿಲ್ಲೆಗಳ ಹೆಸರಿಟ್ಟರು. ಈ ಹಡಗಿಗೆ ಆಗಲೂ ಸಿಗಲಿಲ್ಲ.

ನಮ್ಮನ್ನು ಕರೆದೊಯ್ದ ಗೈಡ್ ಎಪ್ಪತ್ತು ದಾಟಿದ ಹಿರಿಯರು, ಸ್ವಯಂಸೇವಕರು. ವಿಯೆಟ್ನಾಂ ಯುದ್ಧದ ಕಾಲದಲ್ಲಿ ಬೇರೊಂದು ಎಲ್‌ಎಸ್‌ಟಿಯಲ್ಲಿ ಇದ್ದವರಂತೆ. ಗುಂಪಿನಲ್ಲಿ ಹತ್ತು ಜನ ಇದ್ದೆವು.

ಮೊದಲು ಟ್ಯಾಂಕ್ ಡೆಕ್. ಒಳಗೆ ಕಾಲಿಟ್ಟರೆ ಉದ್ದಕ್ಕೆ ಉಕ್ಕಿನ ಹಜಾರ. ಒಂದೂ ಕಂಬ ಇಲ್ಲ. 20 ಶರ್ಮನ್ ಟ್ಯಾಂಕ್‌ಗಳು ಹಿಡಿಯುತ್ತಿದ್ದವು. ಕಲ್ಯಾಣ ಮಂಟಪದ ಊಟದ ಹಾಲ್ ನೆನಪಾಯಿತು, ಅಷ್ಟು ಖಾಲಿ, ಅಷ್ಟು ಪ್ರತಿಧ್ವನಿ. ನೆಲದಲ್ಲಿ ಸಾಲಾಗಿ ಚಿಕ್ಕ ಗುಳಿಗಳು. ಬಗ್ಗಿ ನೋಡಿದೆ. ನಾಲ್ಕು ಎಸಳಿನ ಹೂವಿನ ಆಕಾರದ ತೂತುಗಳು. ಸರಪಳಿಯ ಕೊಕ್ಕೆ ಯಾವ ದಿಕ್ಕಿನಿಂದ ಬಂದರೂ ಸಿಕ್ಕಿಸಲು ಹೀಗೆ ಮಾಡಿದ್ದು. ಅಂಚುಗಳು ಸವೆದು ನುಣ್ಣಗಾಗಿವೆ. ಅಪ್ಪ ಒಂದರೊಳಗೆ ಬೆರಳು ಹಾಕಿ ಸುತ್ತ ಸವರಿದರು. "ಎಷ್ಟು ಸಲ ಕೊಕ್ಕೆ ಹಾಕಿ ತೆಗೆದಿರಬೇಕು ನೋಡು," ಅಂದರು. ಅಪ್ಪ ಏನು ಹೇಳಿದರು ಅಂತ ಗೈಡ್ ನನ್ನನ್ನು ಕೇಳಿದರು. ಅವರಿಗೆ ಅನುವಾದಿಸಿ ಹೇಳಿದೆ.

ಈ ಹಡಗಿನ ಹುಟ್ಟಿನ ಕಥೆ ಒಂದು ಕಾಗದದ ಮೇಲಿನ ಗೆರೆಗಳಿಂದ ಶುರುವಾಗುತ್ತದೆ. 1940ರಲ್ಲಿ ಬ್ರಿಟಿಷರು ಡನ್‌ಕರ್ಕ್‌ನಿಂದ ಜೀವ ಉಳಿಸಿಕೊಂಡು ಬಂದರು. ಭಾರದ ಸಾಮಾನೆಲ್ಲ ಫ್ರಾನ್ಸ್‌ನ ದಂಡೆಯಲ್ಲೇ ಉಳಿಯಿತು. ಮತ್ತೆ ಯುರೋಪಿಗೆ ಕಾಲಿಡಬೇಕಾದರೆ ಟ್ಯಾಂಕ್‌ಗಳನ್ನು ಸಾಗರ ದಾಟಿಸಿ ಬರಿ ದಂಡೆಗೆ ಇಳಿಸಬೇಕು. ಅಮೆರಿಕವನ್ನು ಕೇಳಿದರು. 1941ರ ನವೆಂಬರ್‌ನಲ್ಲಿ ಆ ಕೋರಿಕೆ ನೌಕಾಪಡೆಯ ವಿನ್ಯಾಸಗಾರ ಜಾನ್ ನೀಡರ್‌ಮೇರ್ ಅವರ ಮೇಜಿಗೆ ಬಂತು. ಕೆಲವೇ ಗಂಟೆಗಳಲ್ಲಿ ಅವರು ಮೊದಲ ಚಿತ್ರ ಬರೆದರು.

ತೊಡಕು ಏನಂದರೆ, ಸಾಗರ ದಾಟುವ ಹಡಗು ನೀರಲ್ಲಿ ಆಳವಾಗಿ ಕೂರಬೇಕು, ಇಲ್ಲದಿದ್ದರೆ ಅಲೆಗೆ ನಿಲ್ಲುವುದಿಲ್ಲ. ದಂಡೆಗೆ ಹತ್ತುವ ಹಡಗು ತೇಲಿಕೊಂಡೇ ಇರಬೇಕು, ಇಲ್ಲದಿದ್ದರೆ ದೂರದಲ್ಲೇ ನೆಲ ತಾಗುತ್ತದೆ. ಎರಡೂ ಒಂದರಲ್ಲೇ ಬೇಕು. ನೀಡರ್‌ಮೇರ್ ಕಂಡ ದಾರಿ ಸರಳ. ತಳದಲ್ಲಿ ದೊಡ್ಡ ನೀರಿನ ತೊಟ್ಟಿಗಳು. ಸಾಗರದಲ್ಲಿ ಹೋಗುವಾಗ ಅವನ್ನು ತುಂಬಿಸು, ಹಡಗು ಇಳಿದು ಕೂರುತ್ತದೆ. ದಂಡೆ ಹತ್ತಿರ ಬಂದಾಗ ಪಂಪ್ ಮಾಡಿ ಖಾಲಿ ಮಾಡು, ಮೇಲೇಳುತ್ತದೆ. ದಂಡೆಗೆ ಬರುವಾಗ ಮುಂಭಾಗಕ್ಕೆ ನಾಲ್ಕಡಿ ನೀರಿದ್ದರೂ ಸಾಕು. ಹಿಂದೆ ಒಂದು ಲಂಗರು ಇದೆ. ದಂಡೆಗೆ ಬರುವ ಮುಂಚೆ ಅದನ್ನು ನೀರಿಗೆ ಬಿಟ್ಟು ಬರುತ್ತಾರೆ. ವಾಪಸ್ ಹೋಗುವಾಗ ಅದರ ಹಗ್ಗವನ್ನು ಸುತ್ತಿಕೊಂಡು ತನ್ನನ್ನು ತಾನೇ ಹಿಂದಕ್ಕೆಳೆದುಕೊಳ್ಳುತ್ತದೆ. ಕೆಸರಲ್ಲಿ ಹುಗಿದ ಲಾರಿಯನ್ನು ಮರಕ್ಕೆ ಹಗ್ಗ ಕಟ್ಟಿ ಎಳೆಯುವ ಹಾಗೆ. "ಇದಪ್ಪಾ ತಲೆ," ಅಂದರು ಅಪ್ಪ.

325 ಹುಟ್ಟಿದ್ದು ಇವಾನ್ಸ್‌ವಿಲ್‌ನಲ್ಲಲ್ಲ, ಫಿಲಡೆಲ್ಫಿಯಾದ ನೌಕಾ ಯಾರ್ಡ್‌ನಲ್ಲಿ. 1942ರ ಆಗಸ್ಟ್ 10ಕ್ಕೆ ಕೆಲಸ ಶುರು, ಅಕ್ಟೋಬರ್ 27ಕ್ಕೆ ನೀರಿಗೆ. 1943ರ ಫೆಬ್ರವರಿ 1ಕ್ಕೆ ಸೇವೆಗೆ ಸೇರಿತು. ಅದೇ ವರ್ಷ ಜುಲೈನಲ್ಲಿ ಸಿಸಿಲಿಯ ಜೆಲಾ, ಸೆಪ್ಟೆಂಬರ್‌ನಲ್ಲಿ ಇಟಲಿಯ ಸಲೆರ್ನೊ. ಸಲೆರ್ನೊಗೆ ಮಾಡಿದ ನಾಲ್ಕು ಓಡಾಟಗಳಲ್ಲಿ ಎರಡು ಸಲ ಬ್ರಿಟಿಷ್ ಭಾರತದ ಸೈನಿಕರನ್ನು ಹೊತ್ತು ತಂದಿತ್ತು.

ಇದನ್ನು ಕೇಳಿದಾಗ ನಾನು ಮತ್ತೆ ಆ ಗುಳಿಗಳ ಕಡೆ ನೋಡಿದೆ. ನಮ್ಮವರೂ ಈ ನೆಲದ ಮೇಲೆ ಕೂತಿದ್ದರು. ಯಾವ ಊರಿನವರೋ, ಯಾವ ಭಾಷೆಯವರೋ. ಇಟಲಿಯಲ್ಲಿ ಹೋರಾಡಿದವರಲ್ಲಿ ಬೆಳಗಾವಿಯಲ್ಲಿ ಕೇಂದ್ರ ಇರುವ ಮರಾಠಾ ಲೈಟ್ ಇನ್‌ಫಂಟ್ರಿಯವರೂ ಇದ್ದರು. ಯಶವಂತ ಘಾಡಗೆ, ನಾಮದೇವ ಜಾಧವ್ ಇಬ್ಬರೂ ಅಲ್ಲೇ ವಿಕ್ಟೋರಿಯಾ ಕ್ರಾಸ್ ಪಡೆದರು. ಹುಬ್ಬಳ್ಳಿಯಿಂದ ಎರಡು ಗಂಟೆ ದೂರದ ಊರು ಬೆಳಗಾವಿ. ಅಪ್ಪ ಬಹಳ ಹೊತ್ತು ಮಾತಾಡಲಿಲ್ಲ.

ಆಮೇಲೆ ನಾರ್ಮಂಡಿ. 1944ರ ಜೂನ್ 6ರ ದಾಳಿಗೆ 325 ಮೀಸಲು ಪಡೆಯಲ್ಲಿತ್ತು. 7ನೇ ತಾರೀಖು ಓಮಾಹಾ ಬೀಚ್ ಮುಂದೆ ಬಂತು, ಒಳಗೆ 59 ವಾಹನಗಳು. ಮರಳುವಾಗ ಗಾಯಗೊಂಡ 38 ಮಂದಿಯನ್ನು ಇಂಗ್ಲೆಂಡಿನ ಫಾಲ್ಮತ್‌ಗೆ ಸಾಗಿಸಿತು. ಎಲ್‌ಎಸ್‌ಟಿಗಳ ಕೆಲಸ ಹೀಗೇ. ಹೋಗುವಾಗ ಟ್ಯಾಂಕು, ಲಾರಿ, ಮದ್ದುಗುಂಡು. ಬರುವಾಗ ಸ್ಟ್ರೆಚರ್‌ಗಳು. ಅಲ್ಲಿ ಅಲೆ ಇಳಿತದ ಹೊತ್ತಿಗೆ ಹಡಗನ್ನು ಮರಳಿನ ಮೇಲೆ ಸುಮ್ನೆ ಕೂರಲು ಬಿಡುವುದೂ ಉಂಟಂತೆ. ನೀರು ಹಿಂದೆ ಹೋಗುತ್ತದೆ, ಹಡಗು ಒಣ ನೆಲದ ಮೇಲೆ ಕೂರುತ್ತದೆ, ವಾಹನಗಳು ಚಕ್ರ ಒದ್ದೆ ಆಗದಂತೆ ಇಳಿಯುತ್ತವೆ. ಮುಂದಿನ ಭರತಕ್ಕೆ ಮತ್ತೆ ತೇಲಿ ಹೊರಡುವುದು. ಮುಂದಿನ ವರ್ಷದ ವಸಂತದವರೆಗೆ ಈ ಹಡಗು ಇಂಗ್ಲಿಷ್ ಕಾಲುವೆಯನ್ನು 40ಕ್ಕೂ ಹೆಚ್ಚು ಸಲ ದಾಟಿತು. ಗಂಟೆಗೆ ಹೆಚ್ಚೆಂದರೆ 22 ಕಿಲೋಮೀಟರ್ ಓಡುವ ಹಡಗು. ನಾವಿಕರೇ ಇದನ್ನು ದೊಡ್ಡ ನಿಧಾನದ ಗುರಿ ಅಂತ ಕರೆಯುತ್ತಿದ್ದರು. ಇಂಗ್ಲಿಷಿನಲ್ಲಿ ಅದರ ಮೊದಲಕ್ಷರಗಳೂ ಎಲ್‌ಎಸ್‌ಟಿಯೇ.

1944ರ ಡಿಸೆಂಬರ್ 28. ಎಂಪೈರ್ ಜಾವೆಲಿನ್ ಎಂಬ ಹಡಗು ಸುಮಾರು 1,500 ಸೈನಿಕರನ್ನು ತುಂಬಿಕೊಂಡು ಇಂಗ್ಲೆಂಡಿನಿಂದ ಫ್ರಾನ್ಸಿಗೆ ಹೊರಟಿತ್ತು. ದಾರಿಯಲ್ಲಿ ಏಟು ಬಿತ್ತು, ಮುಳುಗತೊಡಗಿತು. ಒಂದು ಫ್ರೆಂಚ್ ಯುದ್ಧನೌಕೆ ಮತ್ತು 325 ಸಹಾಯಕ್ಕೆ ಹೋದವು. 325 ಸುಮಾರು 700 ಜನರನ್ನು ಉಳಿಸಿತು. ಕಮಾಂಡರ್ ಕ್ಲಿಫರ್ಡ್ ಮೋಸಿಯರ್ ಅವರಿಗೆ ಕಂಚಿನ ನಕ್ಷತ್ರದ ಪದಕ ಬಂತು. ಚಳಿಗಾಲದ ಸಮುದ್ರ, 700 ಜನ. ನಾನು ಸುತ್ತ ನೋಡಿ ಲೆಕ್ಕ ಹಾಕಿದೆ. ಈ ಹಜಾರ ತುಂಬಿ, ಮೇಲಿನ ಡೆಕ್‌ನಲ್ಲೂ ನಿಂತಿರಬೇಕು.

ಆದರೆ ಅಪ್ಪ ಎರಡು ಸಲ ಹೇಳಿಸಿಕೊಂಡ ಕಥೆ ಬೇರೆ. 1945ರ ಮೇ. ಯುರೋಪಿನಲ್ಲಿ ಯುದ್ಧ ಮುಗಿದಿತ್ತು, ಹಡಗು ಬೆಲ್‌ಫಾಸ್ಟ್‌ನಿಂದ ಮನೆಗೆ ಹೊರಟಿತ್ತು. ಎರಡು ದಿನದೊಳಗೆ ಅಟ್ಲಾಂಟಿಕ್‌ನಲ್ಲಿ ಬಿರುಗಾಳಿ. ಮೂತಿ ಒಂದು ದೊಡ್ಡ ಅಲೆಗೆ ಅಪ್ಪಳಿಸಿತು. ಮೇಲಿನ ಡೆಕ್‌ನಲ್ಲಿ ಬಿರುಕು ಬಿಟ್ಟು, ಅಡ್ಡಕ್ಕೆ ಹರಿಯತೊಡಗಿತು. ಹಾಗೇ ಬಿಟ್ಟಿದ್ದರೆ ಹಡಗು ಎರಡು ತುಂಡು. ಹಡಗಿನ ಫಿಟ್ಟರ್‌ಗಳು ಉಕ್ಕಿನ ತಗಡುಗಳನ್ನು ತಂದು ಬಿರುಕಿನ ಮೇಲೆ ವೆಲ್ಡಿಂಗ್ ಮಾಡಿದರು. ಅದೇ ಬಿರುಗಾಳಿಯಲ್ಲಿ, ಅಲೆ ಮೇಲೆ ಬೀಳುತ್ತಿರುವಾಗ.

ಅಪ್ಪ ಮೇಲಿನ ಡೆಕ್‌ಗೆ ಬಂದ ಕೂಡಲೇ, ಬಿರುಕು ಎಲ್ಲಿ ಅಂತ ಕೇಳಲು ಹೇಳಿದರು. ಗೈಡ್ ಕೈಯಿಂದ ಒಂದು ಗೆರೆ ಎಳೆದು ತೋರಿಸಿದರು. ಅಪ್ಪ ಅಲ್ಲಿ ಕುಕ್ಕರುಗಾಲಲ್ಲಿ ಕೂತರು. "ಒದ್ದೆ ಲೋಹದ ಮೇಲೆ ವೆಲ್ಡಿಂಗ್ ಹಿಡಿಯೋದಿಲ್ಲ. ನೀರು ಬಿದ್ದರೆ ಬೆಸುಗೆ ಒಡೀತದ. ಜೊತಿಗೆ ಶಾಕ್ ಹೊಡೀತದ. ಯಾರೋ ಮೇಲೆ ತಾಡಪತ್ರಿ ಹಿಡಕೊಂಡು ನಿಂತಿರಬೇಕು, ಯಾರೋ ಇವನ ಸೊಂಟ ಹಿಡಕೊಂಡಿರಬೇಕು." ಆ ಫಿಟ್ಟರ್‌ಗಳ ಹೆಸರು ಕೇಳಿಸಿದರು. ಗೈಡ್‌ಗೆ ನೆನಪಿರಲಿಲ್ಲ. ನಾನು ಅಪ್ಪ ಹೇಳಿದ್ದನ್ನು ಇಂಗ್ಲಿಷ್‌ನಲ್ಲಿ ಅವರಿಗೆ ಹೇಳಿದೆ. ಅವರು ಅಪ್ಪನನ್ನೇ ನೋಡಿ, ನೀವು ಯಾವ ಕೆಲಸದಲ್ಲಿದ್ದಿರಿ ಅಂತ ಕೇಳಿದರು.

ಅಲ್ಲಿಂದ ಆ ಟೂರ್ ನಮ್ಮದಾಗಿಬಿಟ್ಟಿತು. ಗುಂಪು ಮುಗಿದ ಮೇಲೆ ಅವರು ನಮ್ಮಿಬ್ಬರನ್ನು ಎಂಜಿನ್ ರೂಮಿನ ಬಾಯಿಯ ಹತ್ತಿರ ಕರೆದೊಯ್ದರು. ಕಡಿದಾದ ಉಕ್ಕಿನ ಏಣಿ. ಅಪ್ಪನ ಮೊಣಕಾಲು ಸರಿಯಿಲ್ಲ, ಇಳಿಯುವುದು ಬೇಡ ಅಂದೆ. ಕಂಬಿ ಹಿಡಿದು ಬಗ್ಗಿ ನೋಡಿದರು. ಕೆಳಗಿನ ದೀಪದ ಬೆಳಕಿನಲ್ಲಿ ಎಂಜಿನ್ನಿನ ತಲೆ ಕಾಣುತ್ತಿತ್ತು. 12 ಸಿಲಿಂಡರ್, ವಿ ಆಕಾರ, 900 ಅಶ್ವಶಕ್ತಿ. ಇಂಥವು ಎರಡು. ಡೀಸೆಲ್, ಗ್ರೀಸ್, ಹಳೆ ಬಣ್ಣದ ವಾಸನೆ ಮೇಲೆ ಬಂತು. ಚಿಕ್ಕಂದಿನಲ್ಲಿ ಅಪ್ಪ ಸಂಜೆ ಮನೆಗೆ ಬಂದಾಗ ಅಂಗಿಯಿಂದ ಬರುತ್ತಿದ್ದ ವಾಸನೆ.

"ಟಾಪ್ ಕವರ್ ಅದೇ. ಪಕ್ಕದ ಮುಚ್ಚಳಗಳು ಅವೇ. ಎಪ್ಪತ್ತು ವರ್ಷದಾಗ ಇವರು ಮೂಲ ಬದಲಿಸಿಲ್ಲ ನೋಡು," ಅಂದರು. ಆಮೇಲೆ ನನ್ನ ಮೂಲಕ ಪ್ರಶ್ನೆಗಳ ಮಳೆ. ಟು-ಸ್ಟ್ರೋಕ್ ಅಲ್ವಾ? ಟರ್ಬೊ ಇಲ್ಲ, ಬ್ಲೋವರ್ ತಾನೇ? ಎಷ್ಟು ಆರ್‌ಪಿಎಂ? 744 ಅಂದರು ಗೈಡ್. ಪವರ್ ಅಸೆಂಬ್ಲಿ, ಅಂದರೆ ಪಿಸ್ಟನ್, ಲೈನರ್ ಎಲ್ಲ ಸೇರಿದ ಜೋಡಣೆ, ಎಲ್ಲಿಂದ ತರ್ತೀರಿ? ಈ ಎಂಜಿನ್ ರೈಲಿನಲ್ಲೂ ಟಗ್ ಬೋಟ್‌ಗಳಲ್ಲೂ ಓಡಿದ್ದರಿಂದ ಬಿಡಿಭಾಗಕ್ಕೆ ದಾರಿ ಇದೆ ಅಂದರು. ಇಬ್ಬರೂ ಕೈಯಲ್ಲೇ ಪಿಸ್ಟನ್, ಲೈನರ್ ತೋರಿಸಿ ಮಾತಾಡತೊಡಗಿದಾಗ ನನ್ನ ಅನುವಾದ ಬೇಕಾಗಲಿಲ್ಲ.

ಯುದ್ಧದ ನಂತರದ ಬದುಕನ್ನು ಅವರು ಊಟದ ಕೋಣೆಯಲ್ಲಿ ಕೂತು ಹೇಳಿದರು. 1946ರ ಜುಲೈ 2ಕ್ಕೆ ಫ್ಲಾರಿಡಾದಲ್ಲಿ ಸೇವೆಯಿಂದ ಬಿಡುಗಡೆ. 1951ರಲ್ಲಿ ಮತ್ತೆ ಎಬ್ಬಿಸಿ, ಕೆನಡಾದ ಪೂರ್ವ ತೀರ, ಗ್ರೀನ್‌ಲ್ಯಾಂಡ್ ಕಡೆ ರಾಡಾರ್ ಠಾಣೆ ಕಟ್ಟುವ ಸಾಮಾನು ಸಾಗಿಸಲು ಹಚ್ಚಿದರು. 1964ರಲ್ಲಿ ಗ್ರೀಸ್ ದೇಶಕ್ಕೆ ಕೊಟ್ಟರು. ಅಲ್ಲಿ ಇದಕ್ಕೆ ಮೊದಲ ಸಲ ಒಂದು ಹೆಸರು ಸಿಕ್ಕಿತು, ಸೈರೋಸ್. ಏಜಿಯನ್ ಸಮುದ್ರದ ಒಂದು ದ್ವೀಪದ ಹೆಸರು. 35 ವರ್ಷ ಗ್ರೀಕರು ಇದನ್ನು ಓಡಿಸಿದರು, 1999ರವರೆಗೆ. ಸಿಸಿಲಿ, ನಾರ್ಮಂಡಿ ಎಲ್ಲರಿಗೂ ಗೊತ್ತು. ಆದರೆ ಈ ಹಡಗು ಇವತ್ತು ತೇಲುತ್ತಿರುವುದು ಆ 35 ವರ್ಷ ಬಿಡದೆ ಗ್ರೀಸ್ ಹಚ್ಚಿ, ಬಣ್ಣ ಬಳಿದ ಗ್ರೀಕ್ ನಾವಿಕರಿಂದ. ಅವರ ಬಗ್ಗೆ ಯಾರೂ ಜಾಸ್ತಿ ಮಾತಾಡುವುದಿಲ್ಲ. ನನಗೆ ಅದು ಸರಿ ಅನ್ನಿಸಲಿಲ್ಲ. ನಮ್ಮ ದೇಶಕ್ಕೂ ಈ ವಂಶದ ಹಡಗು ಬಂದಿತ್ತು. ಭಾರತೀಯ ನೌಕಾಪಡೆಯ ಮೊದಲ ಮಗರ್, ಬ್ರಿಟಿಷರ ಎಲ್‌ಎಸ್‌ಟಿ 3011, 1949ರಲ್ಲಿ ನಮ್ಮ ಕೈಗೆ ಬಂತು. ಅದನ್ನು ಹೀಗೆ ಹತ್ತಿ ನೋಡುವ ಭಾಗ್ಯ ನಮಗಿಲ್ಲ.

2000ನೇ ಇಸವಿಯಲ್ಲಿ ನಡೆದದ್ದನ್ನು ಗೈಡ್ ನಿಧಾನಕ್ಕೆ ಹೇಳಿದರು. ಎಲ್‌ಎಸ್‌ಟಿಗಳಲ್ಲಿ ಸೇವೆ ಮಾಡಿದ್ದ ಹಿರಿಯರು ಕೆಲವರು, ತಮ್ಮ ಜಾತಿಯ ಒಂದಾದರೂ ಹಡಗು ಮನೆಗೆ ಬರಬೇಕು ಅಂತ ಹಟ ಹಿಡಿದರು. ಕ್ರೀಟ್ ದ್ವೀಪಕ್ಕೆ ಹೋಗಿ, ಅಲ್ಲಿ ಕಟ್ಟಿಹಾಕಿದ್ದ ಹಡಗನ್ನು ತಾವೇ ರಿಪೇರಿ ಮಾಡಿದರು. ಸರಾಸರಿ ವಯಸ್ಸು 72. ಕ್ಯಾಪ್ಟನ್ ರಾಬರ್ಟ್ ಜಾರ್ನ್‌ಲಿನ್, ಇಲಿನಾಯ್‌ನ ಅರ್ಲ್‌ವಿಲ್ ಊರಿನವರು. ನಾವು ಹಿಂದಿನ ದಿನ ರೊಟ್ಟಿ ತಿಂದ ಸೆನೆಕಾದಿಂದ ಅದು ಬಹಳ ದೂರವಿಲ್ಲ. ನವೆಂಬರ್ 14ಕ್ಕೆ ಸೂಡಾ ಕೊಲ್ಲಿಯಿಂದ ಹೊರಟರು. ಡಿಸೆಂಬರ್ 12ಕ್ಕೆ ಜಿಬ್ರಾಲ್ಟರ್ ಬಿಟ್ಟರು. ಮುಂದೆ ಚಳಿಗಾಲದ ಅಟ್ಲಾಂಟಿಕ್. ಕ್ರಿಸ್‌ಮಸ್, ಹೊಸ ವರ್ಷ ಎಲ್ಲ ನೀರ ಮೇಲೆ. 2001ರ ಜನವರಿ 10ಕ್ಕೆ ಅಲಬಾಮಾದ ಮೊಬೀಲ್ ಬಂದರಿಗೆ ಬಂದು ಸೇರಿದರು. ಚಪ್ಪಟೆ ತಳದ, 58 ವರ್ಷ ಹಳೆಯ ಹಡಗು. ಒಮ್ಮೆ ಇದೇ ಸಾಗರದಲ್ಲಿ ಡೆಕ್ ಬಿರಿದಿದ್ದ ಹಡಗು.

ಅಪ್ಪನ ವಯಸ್ಸೂ 72.

"ಎಂಜಿನ್ ರೂಮಿನಾಗ ಯಾರಿದ್ರು?" ಅಂತ ಕೇಳಿದರು. ಅವರೂ ಮುದುಕರೇ, ಪಾಳಿ ಹಾಕಿಕೊಂಡು ಕೂತರು ಅಂದೆ. ಅಪ್ಪ ತಲೆಯಾಡಿಸಿದರು.

ಸಂಜೆ ಹೋಟೆಲಿಗೆ ಬಂದ ಮೇಲೂ ಅದೇ ಮಾತು. ಊಟಕ್ಕೆ ಏನು ತಿಂದೆವೋ ನೆನಪಿಲ್ಲ.

ಮೂರನೇ ದಿನ: ಯಾರ್ಡ್ ಇದ್ದ ಜಾಗ, ಆಮೇಲೆ ಜೆಫರ್ಸನ್‌ವಿಲ್

325 ಫಿಲಡೆಲ್ಫಿಯಾದ್ದು, ಹಾಗಿದ್ದರೂ ಇವಾನ್ಸ್‌ವಿಲ್‌ಗೆ ಯಾಕೆ ಬಂತು? 2003ರಲ್ಲಿ ನದಿ ಮೇಲೆ ಬಂದು ಹತ್ತು ದಿನ ಇಲ್ಲಿ ನಿಂತಾಗ 35,000ಕ್ಕೂ ಹೆಚ್ಚು ಜನ ನೋಡಲು ಬಂದರು. 2005ರಿಂದ ಇದೇ ಅದರ ಮನೆ. ಊರಿನವರಿಗೆ ಅದು ತಮ್ಮ ಮಗುವೇ. ಇಲ್ಲಿನ ಯಾರ್ಡ್ ಯುದ್ಧದಲ್ಲಿ 167 ಎಲ್‌ಎಸ್‌ಟಿ ಕಟ್ಟಿತ್ತು. ಒಂದು ಹೊತ್ತಿನಲ್ಲಿ 19,000ಕ್ಕೂ ಹೆಚ್ಚು ಜನ ಅಲ್ಲಿ ದುಡಿಯುತ್ತಿದ್ದರು, ಸಾವಿರಾರು ಹೆಂಗಸರು ವೆಲ್ಡಿಂಗ್ ಕಲಿತರು. ಬಹಳ ಮನೆಗಳಲ್ಲಿ ಒಬ್ಬ ಅಜ್ಜಿ ಯಾರ್ಡ್‌ಗೆ ಹೋದವಳು.

ಬೆಳಿಗ್ಗೆ ಆ ಜಾಗದ ಕಡೆ ಹೋದೆವು. 1946ರ ಆರಂಭದಲ್ಲೇ ದೊಡ್ಡ ಬೆಂಕಿ ಬಿದ್ದು ಯಾರ್ಡ್ ಸುಟ್ಟಿತು. ಈಗ ನದಿ ದಂಡೆ, ಗೋದಾಮುಗಳು, ಹುಲ್ಲು. ನೋಡಲು ಏನಿಲ್ಲ. ಆದರೂ ಅಪ್ಪ ನದಿಯ ಇಳಿಜಾರು ನೋಡಿ, ಅಡ್ಡಲಾಗಿ ಯಾಕೆ ಜಾರಿಸುತ್ತಿದ್ದರು ಅಂತ ವಿವರಿಸಿದರು. ನದಿ ಅಗಲ ಸಾಲದು, ಉದ್ದಕ್ಕೆ ಬಿಟ್ಟರೆ ಆಚೆ ದಡ ಹೊಡೆಯುತ್ತದೆ.

ಯುದ್ಧಕಾಲದ ಮ್ಯೂಸಿಯಂನಲ್ಲಿ ಒಂದು ಗಂಟೆ. ಇದೇ ಊರು 6,000ಕ್ಕೂ ಹೆಚ್ಚು ಪಿ-47 ಯುದ್ಧವಿಮಾನ ಮಾಡಿತ್ತು. ಅದರಲ್ಲೊಂದು ಅಲ್ಲಿದೆ. ಚೆನ್ನಾಗಿದೆ. ಆದರೆ ನಮ್ಮಿಬ್ಬರ ಮನಸ್ಸೂ ಹಡಗಿನಲ್ಲೇ ಇತ್ತು.

ಇಂಟರ್‌ಸ್ಟೇಟ್ 64 ಹಿಡಿದು ಪೂರ್ವಕ್ಕೆ. ಅಬ್ರಹಾಂ ಲಿಂಕನ್ 7ರಿಂದ 21ನೇ ವಯಸ್ಸಿನವರೆಗೆ ಬೆಳೆದ ಜಾಗ ದಾರಿಯಲ್ಲೇ ಸಿಗುತ್ತದೆ. ಹೊತ್ತಾಗಿತ್ತು, ನಿಲ್ಲಲಿಲ್ಲ. ಗಡಿಯಾರ ಒಂದು ಗಂಟೆ ಮುಂದಕ್ಕೆ ಓಡಿತು. ಲೂಯಿವಿಲ್‌ನ ನೈಋತ್ಯಕ್ಕೆ ಫೋರ್ಟ್ ನಾಕ್ಸ್ ಸೇನಾ ನೆಲೆ ಇದೆ. 1942ರಲ್ಲಿ ಅಲ್ಲಿ ನೆಲದ ಮೇಲೆ ಎಲ್‌ಎಸ್‌ಟಿಯ ಟ್ಯಾಂಕ್ ಡೆಕ್ಕಿನಂಥದ್ದೇ ಒಂದು ಕಟ್ಟಡ ಕಟ್ಟಿ, ಒಳಗೆ ಟ್ಯಾಂಕ್‌ಗಳನ್ನು ಚಾಲೂ ಮಾಡಿ ನೋಡಿದ್ದರು. ಮುಚ್ಚಿದ ಡೆಕ್‌ನಲ್ಲಿ ಅಷ್ಟೂ ಟ್ಯಾಂಕ್‌ಗಳ ಎಂಜಿನ್ ಶುರುವಾದರೆ ಹೊಗೆಗೆ ಒಳಗಿದ್ದವರೇ ಸಾಯುತ್ತಾರೆ. ಎಷ್ಟು ಫ್ಯಾನ್ ಬೇಕು ಅಂತ ಅಲ್ಲಿ ಲೆಕ್ಕ ಹಿಡಿದರು. ಆ ಕಟ್ಟಡ ಇನ್ನೂ ಉಳಿಸಿದ್ದಾರೆ. ಸೇನೆಯ ಜಾಗ, ನಾವು ಹೋಗುವ ಹಾಗಿಲ್ಲ. ಅಪ್ಪ ಹೇಳಿದರು, ಶೆಡ್‌ನಲ್ಲಿ ಎಂಜಿನ್ ಟೆಸ್ಟ್ ಮಾಡುವಾಗ ಬಾಗಿಲೆಲ್ಲ ತೆರೆದಿದ್ದರೂ ಕಣ್ಣುರಿ ಬರುತ್ತಿತ್ತು.

ಸಂಜೆ ಲೂಯಿವಿಲ್. ಎದುರು ದಡದಲ್ಲಿ ಜೆಫರ್ಸನ್‌ವಿಲ್. ಅಲ್ಲೂ 123 ಎಲ್‌ಎಸ್‌ಟಿ ಕಟ್ಟಿದರು. ಆ ಯಾರ್ಡ್ ಮುಂದೆಯೂ ಬಾರ್ಜ್‌ಗಳನ್ನು ಕಟ್ಟುತ್ತಾ ಬದುಕಿ, 2018ರಲ್ಲಿ ಮುಚ್ಚಿತು. ಎರಡು ಊರಿನ ನಡುವೆ ಬಿಗ್ ಫೋರ್ ಸೇತುವೆ. ಮೊದಲು ರೈಲು ಸೇತುವೆ, ಈಗ ನಡೆಯುವವರಿಗೆ, ಸೈಕಲಿನವರಿಗೆ. ಅಪ್ಪ ಮೊಣಕಾಲು ನೋವು ಮರೆತು ಅರ್ಧದವರೆಗೆ ನಡೆದರು. ಉಕ್ಕಿನ ರಿವೆಟ್‌ಗಳನ್ನು ಮುಟ್ಟಿ ನೋಡಿದರು. ಕೆಳಗೆ ಒಂದು ಟಗ್ ಹತ್ತಾರು ಬಾರ್ಜ್‌ಗಳನ್ನು ತಳ್ಳಿಕೊಂಡು ಹೋಗುತ್ತಿತ್ತು. ಸೂರ್ಯ ಮುಳುಗುವವರೆಗೆ ಅಲ್ಲೇ ಇದ್ದೆವು. ಇದೇ ನೀರಿನ ಮೇಲೆ ಹೊಸ ಬಣ್ಣದ ಹಡಗುಗಳು ಒಂದರ ಹಿಂದೆ ಒಂದು ಇಳಿದು ಹೋದವು ಅಂತ ಅಪ್ಪನಿಗೆ ತೋರಿಸಿದೆ. "ಹೋದವು ಎಷ್ಟು ವಾಪಸ್ ಬಂದವು?" ಅಂದರು. ನನ್ನ ಹತ್ತಿರ ಉತ್ತರ ಇರಲಿಲ್ಲ.

ನಾಲ್ಕನೇ ದಿನ: ಮನೆಗೆ

ಇಂಟರ್‌ಸ್ಟೇಟ್ 65. ಇಂಡಿಯಾನಾಪೊಲಿಸ್‌ನಲ್ಲಿ ಕಾಫಿ. ಉಳಿದ ರೊಟ್ಟಿ ಕಾರಿನಲ್ಲೇ ಮುಗಿಯಿತು. ಗಾಳಿಯಂತ್ರಗಳ ದೊಡ್ಡ ಬಯಲು ದಾಟುವಾಗ ಅಪ್ಪ ಎಣಿಸಲು ಶುರು ಮಾಡಿ, ನೂರಕ್ಕೆ ಬಿಟ್ಟರು.

ಮನೆ ಹತ್ತಿರ ಬಂದಾಗ ಸಂಜೆ ನಾಲ್ಕೂವರೆ. ನನಗೆ ಏನೋ ಅನ್ನಿಸಿ ಲಾ ಗ್ರೇಂಜ್ ಸ್ಟೇಷನ್ ಕಡೆ ಕಾರು ತಿರುಗಿಸಿದೆ. ಚಿಕ್ಕ ಸ್ಟೇಷನ್, ಊರಿನ ಅಂಗಡಿಗಳ ನಡುವೆ. ಪ್ಲಾಟ್‌ಫಾರ್ಮಿನ ಬೆಂಚಿನ ಮೇಲೆ ಕೂತೆವು. ಅಪ್ಪನಿಗೆ ಯಾಕೆ ಅಂತ ಹೇಳಲಿಲ್ಲ.

ಶಿಕಾಗೋ ಕಡೆಯಿಂದ ಮೆಟ್ರಾ ಲೋಕಲ್ ಬಂತು. ಎರಡಂತಸ್ತಿನ ಬೆಳ್ಳಿ ಬಣ್ಣದ ಡಬ್ಬಿಗಳು, ಮುಂದೆ ಡೀಸೆಲ್ ಲೋಕೋ. ಜನ ಇಳಿದರು, ಗಂಟೆ ಬಾರಿಸಿತು. ಎಂಜಿನ್ ಎಳೆಯಲು ಶುರು ಮಾಡಿತು. ಮೊದಲು ಗಂಟಲಿನ ಗುಡುಗು, ಆಮೇಲೆ ಮೇಲೇರುತ್ತಾ ಹೋಗುವ ಸಿಳ್ಳಿನಂಥ ಸದ್ದು. ಅಪ್ಪ ಕಣ್ಣು ಮುಚ್ಚಿ, ತಲೆ ಸ್ವಲ್ಪ ವಾಲಿಸಿ ಕೇಳಿದರು. ಗಾಡಿ ಹೋಗಿ, ಸದ್ದು ಪೂರ್ತಿ ಕರಗುವವರೆಗೆ ಹಾಗೇ ಕೂತಿದ್ದರು.

"ಆರು ನೂರಾ ನಲವತ್ತೈದು," ಅಂದರು. "ಹಡಗಿನದರ ಮಗ."

ಫೋನಿನಲ್ಲಿ ಹುಡುಕಿ ನೋಡಿದೆ. 645.

ಇನ್ನೊಂದು ಗಾಡಿ ಯಾವಾಗ ಅಂತ ಕೇಳಿದರು. ಇಪ್ಪತ್ತು ನಿಮಿಷಕ್ಕೆ ಇತ್ತು. ಕಾದೆವು.